ಪೋರ್ಟೊ ರಿಕೊ: ರಾಜ್ಯವಾಗುವುದೋ, ಸ್ವತಂತ್ರವಾಗುವುದೋ?

ಪೋರ್ಟೊ ರಿಕೊ ಅಮೆರಿಕಕ್ಕೆ ಸೇರಿದ, ಆದರೆ ಅದರ ರಾಜ್ಯವಲ್ಲದ ಕೆರಿಬಿಯನ್ ದ್ವೀಪ. ಅಲ್ಲಿಯವರಿಗೆ 1917ರಿಂದಲೂ ಅಮೆರಿಕದ ಪೌರತ್ವವಿದೆ. ಆದರೂ ದ್ವೀಪದಲ್ಲಿದ್ದುಕೊಂಡು ಅಧ್ಯಕ್ಷರ ಚುನಾವಣೆಯಲ್ಲಿ ಮತ ಹಾಕುವಂತಿಲ್ಲ. ಅಮೆರಿಕದ ರಾಜ್ಯವಾದ ಫ್ಲಾರಿಡಾಕ್ಕೆ ಮನೆ ಬದಲಿಸಿದರೆ ಹಾಕಬಹುದು (ವಿಚಿತ್ರ, ಆದರೆ ಕಾನೂನು ಹಾಗೇ ಇದೆ). ಅಮೆರಿಕದ ಸಂಸತ್ತಾದ ಕಾಂಗ್ರೆಸ್ಸಿನಲ್ಲಿರುವ ಅವರ ಒಬ್ಬರೇ ಪ್ರತಿನಿಧಿಗೆ ಮಸೂದೆಗಳ ಅಂತಿಮ ಮತದಾನದಲ್ಲಿ ಹಕ್ಕಿಲ್ಲ.

ಈಗಿನಂತೆಯೇ ಉಳಿದರೆ ದೊಡ್ಡ ಲಾಭ ತೆರಿಗೆಯದು: ದ್ವೀಪದಲ್ಲೇ ಗಳಿಸಿದ್ದಕ್ಕೆ ಬಹುಪಾಲು ಜನ ಫೆಡರಲ್ (ಕೇಂದ್ರ ಸರ್ಕಾರದ) ಆದಾಯ ತೆರಿಗೆ ಕಟ್ಟಬೇಕಿಲ್ಲ. ರಾಜ್ಯವಾದರೆ ಆ ತೆರಿಗೆ ಬೀಳುತ್ತದೆ. ಜೊತೆಗೆ ಇಬ್ಬರು ಸೆನೆಟರ್‌ಗಳು, ಕೆಳಮನೆಯಲ್ಲಿ ಸುಮಾರು ನಾಲ್ಕು ಸ್ಥಾನ. ಬಡ ವೃದ್ಧರಿಗೂ ಅಂಗವಿಕಲರಿಗೂ ಈಗ ಸಿಗದ ಎಸ್‌ಎಸ್‌ಐ ಎಂಬ ಕೇಂದ್ರ ಸರ್ಕಾರದ ಹಣದ ನೆರವೂ ಸಿಗುತ್ತದೆ. ಸ್ವತಂತ್ರವಾದರೆ ವ್ಯಾಪಾರ ಒಪ್ಪಂದಗಳು ತಮ್ಮವೇ, ಆದರೆ ಮುಂದಿನ ಪೀಳಿಗೆಯ ಪೌರತ್ವಕ್ಕೆ ಖಾತರಿಯಿಲ್ಲ.

ದನಿ ಬೇಕೆನ್ನುವವರಿಗೆ ರಾಜ್ಯವೇ ಸರಿ ಅನ್ನುತ್ತೇನೆ. 2024ರ ಜನಮತದಲ್ಲೂ ಅದಕ್ಕೇ ಹೆಚ್ಚು ಮತ ಬಿತ್ತು. ಆದರೆ ಕಾಂಗ್ರೆಸ್ ಕಾಯ್ದೆ ಮಾಡದೆ ಯಾವುದೂ ಜಾರಿಯಾಗದು.