ಗೋಣಿಬಟ್ಟೆಯಲ್ಲಿ ಹೊಲಿದ ಸಾಕ್ಷ್ಯ: ಸ್ಯಾಂಟಿಯಾಗೊದ ಸ್ಮೃತಿ ಸಂಗ್ರಹಾಲಯ

ಚಿಲಿಯ ರಾಜಧಾನಿ ಸ್ಯಾಂಟಿಯಾಗೊಕ್ಕೆ ಹೋಗುವವರು ಅರ್ಧ ದಿನವನ್ನಾದರೂ ಅಲ್ಲಿನ ಸ್ಮೃತಿ ಮತ್ತು ಮಾನವ ಹಕ್ಕುಗಳ ಸಂಗ್ರಹಾಲಯಕ್ಕೆ ಮೀಸಲಿಡಬೇಕು. 2010ರಲ್ಲಿ ತೆರೆದ ಇದು ಕಿಂಟಾ ನಾರ್ಮಲ್ ಮೆಟ್ರೊ ನಿಲ್ದಾಣದ ಪಕ್ಕದಲ್ಲಿದೆ. ಪ್ರವೇಶ ಉಚಿತ, ಸೋಮವಾರ ರಜೆ. 1973ರ ಸೆಪ್ಟೆಂಬರ್ 11ರ ಸೇನಾ ದಂಗೆಯಿಂದ 1990ರಲ್ಲಿ ಆ ದಂಗೆಯ ಮುಂದಾಳು, ಸೇನಾಧಿಪತಿ ಪಿನೊಚೆ ಅಧ್ಯಕ್ಷ ಪದವಿಯಿಂದ ಇಳಿಯುವವರೆಗಿನ ಕಾಲವನ್ನು ಇಲ್ಲಿ ದಾಖಲಿಸಲಾಗಿದೆ.

ದಂಗೆಯ ದಿನದ ದೃಶ್ಯಾವಳಿಯ ಮುಂದೆ ಜನ ಗುಂಪುಗೂಡುತ್ತಾರೆ. ನನ್ನನ್ನು ಹಿಡಿದು ನಿಲ್ಲಿಸಿದ್ದು ಮಾತ್ರ ಆರ್ಪಿಯೇರಾಗಳು. ಸ್ಪ್ಯಾನಿಷಿನಲ್ಲಿ ಆ ಪದಕ್ಕೆ ಗೋಣಿಬಟ್ಟೆ ಎಂದೇ ಅರ್ಥ. ಗಂಡ, ಮಕ್ಕಳನ್ನು ಸೈನಿಕರು ಹಿಡಿದೊಯ್ದ ಮೇಲೆ ದಿಕ್ಕುಗಾಣದೆ ಉಳಿದ ಹೆಂಗಸರು, ಚರ್ಚಿನ ಆಶ್ರಯದಲ್ಲಿ ಕೂಡಿ ಕುಳಿತು, ಹಳೆಯ ಬಟ್ಟೆಯ ಚೂರುಗಳನ್ನು ಗೋಣಿಯ ಮೇಲಿಟ್ಟು ಹೊಲಿದ ಚಿತ್ರಗಳಿವು. ಕಾಣೆಯಾದವರ ಅಂಗಿಯ ತುಂಡುಗಳೂ ಕೆಲವದರಲ್ಲಿ ಸೇರಿವೆ. ನಮ್ಮ ಕೌದಿಯನ್ನು ಬಲ್ಲವರಿಗೆ ಹೊಲಿಗೆಯ ಬಗೆ ತೀರ ಹೊಸತೆನಿಸದು. ಹಿಂದೆ ಹಿಮದ ಬೆಟ್ಟಗಳ ಸಾಲು, ಮೇಲೆ ಹಳದಿ ಸೂರ್ಯ. ಮಕ್ಕಳ ಆಟಿಕೆಯಂಥ ಆ ಬಣ್ಣಗಳ ನಡುವೆ ‘ಅವರೆಲ್ಲಿ?’ ಎಂಬ ಪ್ರಶ್ನೆ ಹಿಡಿದು ನಿಂತ ಬೆರಳುದ್ದದ ಬೊಂಬೆಗಳು. ಹೆಂಗಸರ ಕಸೂತಿಯೆಂದು ಮೊದಮೊದಲು ಆಳುವವರು ಕಡೆಗಣಿಸಿದ್ದರಿಂದಲೇ ಇವು ಗಡಿ ದಾಟಿ ವಿದೇಶಗಳಲ್ಲಿ ಮಾರಾಟವಾದವು. ಮನೆಗಳಲ್ಲಿ ಒಲೆ ಉರಿದದ್ದೂ ಆ ಹಣದಿಂದ.

ಹಾಡಿಗೆ ಅಂಥ ಮರೆ ಇರಲಿಲ್ಲ. ದಂಗೆಯಲ್ಲಿ ಉರುಳಿದ ಎಡಪಂಥೀಯ ಸರ್ಕಾರದ ಪರ ಹಾಡುತ್ತಿದ್ದ ಗಾಯಕ ವಿಕ್ಟರ್ ಹಾರಾ ಅವರನ್ನು ದಂಗೆ ನಡೆದ ಕೆಲವೇ ದಿನಗಳಲ್ಲಿ, ಸಾವಿರಾರು ಬಂಧಿತರನ್ನು ತುಂಬಿದ್ದ ಕ್ರೀಡಾಂಗಣದಲ್ಲಿ ಹಿಂಸಿಸಿ ಕೊಂದರು. ಆಗ ಯುರೋಪಿನಲ್ಲಿದ್ದ ಇಂಟಿ ಇಲ್ಲಿಮಾನಿ ಮತ್ತು ಕಿಲಪಾಯುನ್ ಎಂಬ ಅದೇ ಒಲವಿನ ಹಾಡುತಂಡಗಳಿಗೆ ವರ್ಷಗಟ್ಟಲೆ ಊರಿಗೆ ಮರಳಲಾಗಲಿಲ್ಲ. ಆಂಡೀಸ್ ಸೀಮೆಯ ಚರಂಗೊ, ಕೇನಾ ವಾದ್ಯಗಳ ನಾದವನ್ನೂ ಸಂಶಯದಿಂದ ನೋಡಿದ ಕಾಲವದು.

ಕುಣಿತದ ಕಥೆ ಇನ್ನೂ ವಿಚಿತ್ರ. ಗಂಡು ಹೆಣ್ಣು ಕರವಸ್ತ್ರ ಬೀಸುತ್ತ ಜೋಡಿಯಾಗಿ ಕುಣಿಯುವ ಕ್ವೆಕಾವನ್ನು 1978ರ ಮಹಿಳಾ ದಿನದಂದು, ಕಾಣೆಯಾದವರ ಮನೆಯ ಹೆಂಗಸೊಬ್ಬರು ಒಂಟಿಯಾಗಿ ಕುಣಿದರು. ಮರುವರ್ಷವೇ ಪಿನೊಚೆ ಸರ್ಕಾರ ಕ್ವೆಕಾವನ್ನು ರಾಷ್ಟ್ರೀಯ ನೃತ್ಯವೆಂದು ಘೋಷಿಸಿತು! ಹೀಗಾಗಿ ಸರ್ಕಾರದ ಸಮಾರಂಭದಲ್ಲಿ ಜೋಡಿಗಳು ಕುಣಿದಾಗಲೂ ನೋಡುವವರಿಗೆ ಆ ಒಂಟಿ ಹೆಂಗಸು ನೆನಪಾಗದಿರಲು ಸಾಧ್ಯವಿರಲಿಲ್ಲವೆಂದು ನನ್ನ ಎಣಿಕೆ.

ಸ್ಪ್ಯಾನಿಷ್ ಬಲ್ಲವರೊಬ್ಬರು ಜೊತೆಗಿದ್ದರೆ ಸಂಗ್ರಹಾಲಯದಲ್ಲಿರುವ ಪತ್ರಗಳನ್ನೂ ಓದಿಸಿಕೊಳ್ಳಬಹುದು. ಹಾರಾ ಸತ್ತ ಕ್ರೀಡಾಂಗಣಕ್ಕೆ ಈಗ ಅವರದೇ ಹೆಸರು. ಅದೂ ಇದೇ ಊರಿನಲ್ಲಿರುವುದರಿಂದ, ಸಂಜೆಯ ಹೊತ್ತನ್ನು ಅದಕ್ಕೆ ಉಳಿಸಿಕೊಳ್ಳಿ.