ಕಿಟ್ಟೆಲ್ ನಿಘಂಟು: ‘ಗೆಲ್ಲು’ ಒಂದನ್ನೇ ಇಟ್ಟುಕೊಂಡು ನೋಡಿದರೆ

1894ರಲ್ಲಿ ಮಂಗಳೂರಿನ ಬಾಸೆಲ್ ಮಿಷನ್ ಅಚ್ಚುಹಾಕಿದ ಕಿಟ್ಟೆಲ್ ಅವರ ಕನ್ನಡ–ಇಂಗ್ಲಿಷ್ ನಿಘಂಟಿನಲ್ಲಿ ಸುಮಾರು 70,000 ಪದಗಳಿವೆ. ಪದದ ಬೇರು ಹುಡುಕುವವರಿಗೆ ಇವತ್ತಿಗೂ ಮೊದಲು ಕೈಗೆತ್ತಿಕೊಳ್ಳಬೇಕಾದ ನಿಘಂಟು ಇದೇ. ಆದರೆ ಬಳಸುವ ಕ್ರಮ ಗೊತ್ತಿರಬೇಕು.

‘ಗೆದ್ದ’ ಎಂದು ಹುಡುಕಿದರೆ ದಾರಿ ತಪ್ಪುತ್ತದೆ. ಧಾತುವಿಗೆ ಹೋಗಿ: ಹಳಗನ್ನಡದ ರೂಪ ‘ಗೆಲ್’. ಅದರ ಭೂತರೂಪ ಗೆಲ್ದು. ಲಕಾರ ದಕಾರದಲ್ಲಿ ಕರಗಿ ಗೆದ್ದು ಆಯಿತು. ಇಲ್ಲೊಂದು ಸೊಗಸಿದೆ. ಕೊಲ್, ನಿಲ್, ಸಲ್ ಧಾತುಗಳು ಕೊಂದು, ನಿಂದು, ಸಂದು ಎಂದು ಅನುಸ್ವಾರ ಹಿಡಿದರೆ, ಗೆಲ್ ಆ ಸಾಲು ಬಿಟ್ಟು ನಿಂತಿದೆ. ಪಕ್ಕದ ತುಳುವಿನಲ್ಲಿ ಅದೇ ಕ್ರಿಯಾಪದ ‘ಗೆಂದುನಿ’! ತೆಲುಗಿನಲ್ಲಿ ‘ಗೆಲುಚು’. ಹೀಗೆ ಸೋದರ ಭಾಷೆಗಳ ರೂಪಗಳನ್ನು ಪದದ ಜೊತೆಗೇ ಕೊಡುವುದು ಈ ನಿಘಂಟಿನ ದೊಡ್ಡ ಬಲ.

‘ಜಯಿಸು’ ಬೇರೆಯೇ ಮನೆತನ. ಸಂಸ್ಕೃತದ ‘ಜಿ’ ಧಾತುವಿನಿಂದ ಬಂದ ‘ಜಯ’ಕ್ಕೆ ಕನ್ನಡದ ‘ಇಸು’ ಪ್ರತ್ಯಯ ಹತ್ತಿದೆ. ಗೆಲ್ಲು ಅದರ ತದ್ಭವವಲ್ಲ.

ಅರ್ಥದ ಕಡೆಗೆ ಬಂದರೆ, ಪಂದ್ಯ ಗೆದ್ದ, ಎದುರಾಳಿಯನ್ನು ಗೆದ್ದ, ಬಹುಮಾನ ಗೆದ್ದ ಎಂಬ ಮೂರರಲ್ಲೂ ಕರ್ಮದ ಬಗೆ ಬೇರೆ ಬೇರೆ. ಓದುವಾಗ ಇವನ್ನು ಬಿಡಿಸಿಕೊಳ್ಳಿ. ನಾಮಪದ ‘ಗೆಲುವು’ ಇನ್ನೂ ಮುಂದೆ ಹೋಗುತ್ತದೆ: ಜ್ವರ ಬಿಟ್ಟ ಮಗು ‘ಗೆಲುವಾಗಿದೆ’ ಎನ್ನುವಾಗ ಸೋತವರು ಯಾರೂ ಇಲ್ಲ, ಅಲ್ಲಿರುವುದು ಲವಲವಿಕೆ. ಕರಾವಳಿಯವರ ‘ಮರದ ಗೆಲ್ಲು’ ಎಂದರೆ ಕೊಂಬೆ. ಗೆಲ್ಲುವುದಕ್ಕೆ ಅದನ್ನು ಗಂಟುಹಾಕಬೇಡಿ. ಒಂದೇ ರೂಪದ ಬೇರೆ ಪದಗಳಿಗೆ ಕಿಟ್ಟೆಲ್ 1, 2 ಎಂದು ಅಂಕಿ ಕೊಡುತ್ತಾರೆ; ಅವಸರದಲ್ಲಿ ಮೊದಲನೆಯದನ್ನೇ ಓದಿ ಮುಚ್ಚಿದರೆ ಎಡವುವುದು ಖಂಡಿತ.

ಕೊರತೆಯೂ ಇದೆ. ವಿವರಣೆ ಇಂಗ್ಲಿಷಿನಲ್ಲಿದೆ, ಸಂಕ್ಷೇಪಗಳು ವಿಪರೀತ. ಮುನ್ನುಡಿಯ ಬಳಿಯ ಸಂಕ್ಷೇಪಪಟ್ಟಿಯನ್ನು ಪಕ್ಕದಲ್ಲಿ ತೆರೆದಿಟ್ಟುಕೊಳ್ಳದೆ ಓದಲಾಗದು. ಸ್ಕ್ಯಾನ್ ಪ್ರತಿಯಲ್ಲಿ ಕನ್ನಡ ಅಕ್ಷರ ಹುಡುಕಾಟಕ್ಕೆ ಸಿಗುವುದೆಂದು ನಂಬಬೇಡಿ, ಪುಟದ ತಲೆಪದ ನೋಡಿಕೊಂಡೇ ಹೋಗಿ. ಕಾವ್ಯಪ್ರಯೋಗಗಳನ್ನು ಸಾಲುಸಾಲಾಗಿ ನೋಡಬೇಕಿದ್ದರೆ ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟೇ ಮೇಲು. ಬೇರಿಗೆ ಕಿಟ್ಟೆಲ್, ಬಳಕೆಗೆ ಪರಿಷತ್ತು: ಎರಡನ್ನೂ ಇದೇ ಕ್ರಮದಲ್ಲಿ ತೆರೆಯಿರಿ.