ನಾಲ್ಕು ಮಿಡಿ ಸೀಸನ್ನು, ಒಂದೇ ಸಾಫ್ಟ್‌ವೇರು: ಶಾಟ್‌ಕಟ್ ಬಳಸಿದ ಅನುಭವ

ನಮ್ಮತ್ತೆ ಅಪ್ಪೆಮಿಡಿಯನ್ನು ಉಪ್ಪಿಗೆ ಹಾಕುವುದನ್ನು ನಾನು ಮೊದಲ ಸಲ ಫೋನಿನಲ್ಲಿ ಹಿಡಿದಿದ್ದು 2021ರಲ್ಲಿ. ಒಟ್ಟು 22 ನಿಮಿಷದ ವಿಡಿಯೊ. ಬೆಂಗಳೂರಿನಲ್ಲಿರುವ ನಾದಿನಿಗೆ ಕಳಿಸೋಣವೆಂದರೆ ಅಷ್ಟುದ್ದ ಯಾರು ಕೂತು ನೋಡುತ್ತಾರೆ? ಕತ್ತರಿಸಿ ಚಿಕ್ಕದು ಮಾಡಲು ಶಾಟ್‌ಕಟ್ ಹಾಕಿಕೊಂಡೆ. ನಾಲ್ಕು ವರ್ಷವಾಯಿತು, ಈಗಲೂ ಅದನ್ನೇ ಬಳಸುತ್ತೇನೆ.

ಬಹಳ ಹಿಂದೆ ವಿಂಡೋಸ್ ಮೂವಿ ಮೇಕರ್‌ನಲ್ಲಿ ಮದುವೆ ಫೋಟೊಗಳಿಗೆ ಹಾಡು ಜೋಡಿಸಿದ್ದೆ. ಅದನ್ನು 2017ರ ಜನವರಿಯಲ್ಲಿ ಮೈಕ್ರೋಸಾಫ್ಟ್ ನಿಲ್ಲಿಸಿತು. ಡಾವಿಂಚಿ ರಿಸಾಲ್ವ್ ಅನ್ನುವ ಇನ್ನೊಂದು ಎಡಿಟಿಂಗ್ ಸಾಫ್ಟ್‌ವೇರು ತುಂಬಾ ಚೆನ್ನಾಗಿದೆ, ಆದರೆ ಅದಕ್ಕೆ ಒಳ್ಳೆಯ ಗ್ರಾಫಿಕ್ಸ್ ಕಾರ್ಡ್ ಬೇಕು. ನಮ್ಮನೆಯಲ್ಲಿರುವುದು 8 ಜಿಬಿ ಮೆಮೊರಿಯ ಹಳೇ ಡೆಸ್ಕ್‌ಟಾಪ್. ಶಾಟ್‌ಕಟ್‌ನಲ್ಲಿ ಎಚ್‌ಡಿ ವಿಡಿಯೊ ಎಡಿಟ್ ಮಾಡಲು ಅಷ್ಟು ಸಾಕು. ದುಡ್ಡು ಕೊಡಬೇಕಿಲ್ಲ, ವಾಟರ್‌ಮಾರ್ಕ್ ಬೀಳುವುದಿಲ್ಲ. ಇದು ಓಪನ್ ಸೋರ್ಸ್, ಅಂದರೆ ಇದರ ಕೋಡ್ ಎಲ್ಲರಿಗೂ ಮುಕ್ತ. ವಿಂಡೋಸ್, ಮ್ಯಾಕ್, ಲಿನಕ್ಸ್ ಮೂರಕ್ಕೂ ಸಿಗುತ್ತದೆ.

ಮೊದಲ ವಾರ ಕಷ್ಟವಾಯಿತು. ಬಟನ್ನುಗಳು ಜಾಸ್ತಿ. ಆಮೇಲೆ ಮೂರು ಕೀ ಕಲಿತೆ. ಎಸ್ ಒತ್ತಿದರೆ ಕ್ಲಿಪ್ ಎರಡು ತುಂಡಾಗುತ್ತದೆ. ಎಕ್ಸ್ ಒತ್ತಿದರೆ ಬೇಡದ ತುಂಡು ಹೋಗಿ, ಮುಂದಿನದು ಸರಿದು ಬಂದು ಜಾಗ ತುಂಬುತ್ತದೆ. ಝಡ್ ಒತ್ತಿದರೆ ತುಂಡು ಹೋಗುತ್ತದೆ, ಜಾಗ ಮಾತ್ರ ಖಾಲಿ ಉಳಿಯುತ್ತದೆ. ಇಷ್ಟರಲ್ಲೇ 22 ನಿಮಿಷ 9 ನಿಮಿಷಕ್ಕೆ ಇಳಿಯಿತು. ಒಂದು ಕ್ಲಿಪ್ಪನ್ನು ಪಕ್ಕದ್ದರ ಮೇಲೆ ಸ್ವಲ್ಪ ಎಳೆದು ಕೂರಿಸಿದರೆ ಒಂದು ದೃಶ್ಯ ಇನ್ನೊಂದರೊಳಗೆ ಕರಗುವ ಹಾಗೂ ಮಾಡಬಹುದು. ಅದನ್ನು ಕಲಿತ ಹೊಸದರಲ್ಲಿ ಎಲ್ಲ ಕಡೆ ಹಾಕುತ್ತಿದ್ದೆ, ಈಗ ತೀರಾ ಕಡಿಮೆ.

ಹಳೇ ಕಂಪ್ಯೂಟರ್ ಇರುವವರು ಪ್ರಾಕ್ಸಿ ಆನ್ ಮಾಡಿಕೊಳ್ಳಿ. 2020ರಲ್ಲಿ ಬಂದ ಸೌಲಭ್ಯ ಇದು. ದೊಡ್ಡ ವಿಡಿಯೊಗೆ ಒಂದು ಸಣ್ಣ ನಕಲು ಮಾಡಿ, ಕೆಲಸ ಮಾಡುವಾಗ ಅದನ್ನು ತೋರಿಸುತ್ತದೆ. ಕೊನೆಗೆ ಎಕ್ಸ್‌ಪೋರ್ಟ್ ಮಾಡುವಾಗ, ಅಂದರೆ ಮುಗಿದ ವಿಡಿಯೊವನ್ನು ಹೊರತೆಗೆಯುವಾಗ, ಮೂಲ ಫೈಲನ್ನೇ ತೆಗೆದುಕೊಳ್ಳುತ್ತದೆ. ನನ್ನ ಕಂಪ್ಯೂಟರಿನಲ್ಲಿ ತಡೆತಡೆದು ಓಡುತ್ತಿದ್ದ ವಿಡಿಯೊ ಇದರಿಂದ ಸಲೀಸಾಯಿತು. ಇನ್ನೊಂದು ವಿಷಯ. ಫೋನಿನ ವಿಡಿಯೊದಲ್ಲಿ ಸೆಕೆಂಡಿಗೆ ಇಷ್ಟೇ ಫ್ರೇಮ್ (ಬಿಡಿ ಚಿತ್ರ) ಅಂತ ಹೆಚ್ಚಾಗಿ ಇರುವುದಿಲ್ಲ, ಏರುಪೇರಾಗುತ್ತದೆ. ಅಂಥ ಫೈಲ್ ತೆರೆದಾಗ, ಎಡಿಟಿಂಗಿಗೆ ಒಗ್ಗುವ ಹಾಗೆ ಬದಲಿಸಲೇ ಎಂದು ಶಾಟ್‌ಕಟ್ ಕೇಳುತ್ತದೆ. ಹೂಂ ಅನ್ನಿ. ಫೈಲ್ ದೊಡ್ಡದಾಗುತ್ತದೆ, ಆದರೆ ಬಾಯಿಗೂ ಮಾತಿಗೂ ತಾಳ ತಪ್ಪುವುದಿಲ್ಲ.

ನಾನು ನಿಜವಾಗಿ ಎಡಿಟಿಂಗ್ ಕಲಿತದ್ದು ಮಾತ್ರ ಸದ್ದಿನಿಂದ. ಮೊದಲ ವಿಡಿಯೊದಲ್ಲಿ ಚಿತ್ರ ಚೆಂದವಾಗಿಯೇ ಇತ್ತು, ಆದರೂ ನೋಡಿದರೆ ಏನೋ ಕಿರಿಕಿರಿ. ಕಣ್ಣು ಮುಚ್ಚಿ ಕೇಳಿದಾಗ ಗೊತ್ತಾಯಿತು. ಅತ್ತೆ ಭರಣಿಗೆ ಒಂದು ಪದರ ಮಿಡಿ ಹಾಕಿ, ಮೇಲೆ ಹರಳುಪ್ಪು ಸುರಿಯುತ್ತಾ, "ಒದ್ದೆ ಕೈ ಹಾಕಡ, ಹಾಳಾಗ್ತು" ಅನ್ನುತ್ತಾರೆ. ನಾನು "ಹಾಳಾಗ್ತು" ಮುಗಿದ ತಕ್ಷಣ ಕತ್ತರಿಸಿಬಿಟ್ಟಿದ್ದೆ. ಆ ಮಾತಿನ ಹಿಂದೆ ಒಂದು ಉಸಿರು ಇತ್ತು. ಉಪ್ಪು ಭರಣಿಯ ಒಳಮೈಗೆ ತಾಗಿ ಜಾರುವ ಸರಸರ ಸದ್ದು ಇತ್ತು. ಎರಡೂ ಹೋಗಿದ್ದವು. ಕ್ಲಿಪ್ಪಿನ ತುದಿ ಹಿಡಿದು ಮತ್ತೆ ಉದ್ದ ಮಾಡಿದೆ. ಬಾಣದ ಕೀ ಒತ್ತಿದರೆ ಒಂದೊಂದೇ ಫ್ರೇಮ್ ಮುಂದೆ ಹೋಗುತ್ತದೆ. ಹದಿನಾಲ್ಕು ಫ್ರೇಮ್, ಅಂದರೆ ಅರ್ಧ ಸೆಕೆಂಡೂ ಅಲ್ಲ. ಅಷ್ಟು ಉಳಿಸಿದ ಮೇಲೆ ಅತ್ತೆ ನಮ್ಮ ಅಡುಗೆಮನೆಗೆ ವಾಪಸ್ ಬಂದ ಹಾಗಾಯಿತು.

ಆಮೇಲೆ ಡಿಟ್ಯಾಚ್ ಆಡಿಯೊ ಕಲಿತೆ. ಅದು ಸದ್ದನ್ನು ಬೇರೆ ಟ್ರ್ಯಾಕಿಗೆ ಹಾಕುತ್ತದೆ. ಈಗ ಮಸಾಲೆ ರುಬ್ಬುವ ದೃಶ್ಯ ಬರುವ ಮುಂಚೆಯೇ ಒರಳಿನ ಸದ್ದು ಕೇಳುವ ಹಾಗೆ ಜೋಡಿಸುತ್ತೇನೆ. ಎಲ್ಲ ಕ್ಲಿಪ್ಪಿನ ದನಿ ಒಂದೇ ಮಟ್ಟಕ್ಕೆ ಬರಲು ನಾರ್ಮಲೈಸ್ ಫಿಲ್ಟರ್ ಇದೆ. ದನಿ ಎಷ್ಟು ಜೋರು ಅನ್ನುವುದನ್ನು ಅದು ಎಲ್‌ಯುಎಫ್‌ಎಸ್ (LUFS) ಎಂಬ ಮಾನದಲ್ಲಿ ಅಳೆಯುತ್ತದೆ. ಅದರಲ್ಲಿ ಮೊದಲೇ ಇರುವ ಮಟ್ಟ ಮೈನಸ್ 23, ಅದು ಟಿವಿ ಪ್ರಸಾರದ ಅಳತೆ. ಫೋನಿನಲ್ಲಿ ಅಷ್ಟು ಕೇಳಿಸುವುದಿಲ್ಲ. ಯೂಟ್ಯೂಬಿಗೆ ಹಾಕುವುದಾದರೆ ಮೈನಸ್ 14ರ ಹತ್ತಿರ ಇಡಿ.

ಕೊರತೆಗಳೂ ಇವೆ. ಅಕ್ಷರಗಳನ್ನು ಕುಣಿಸುವ ಚೆಂದದ ಟೈಟಲ್ ಬೇಕಾದರೆ ಇಲ್ಲಿ ತುಂಬಾ ಹೊತ್ತು ಹಿಡಿಯುತ್ತದೆ. ಎರಡು ಮೂರು ಕ್ಯಾಮೆರಾದಲ್ಲಿ ಯಕ್ಷಗಾನ ಹಿಡಿಯುವವರಿಗೆ ನಾನು ಇದನ್ನು ಹೇಳುವುದಿಲ್ಲ. ಆದರೆ ಕನ್ನಡ ಅಕ್ಷರ ಸರಿಯಾಗಿ ಬರುತ್ತದೆ. ಯೂನಿಕೋಡ್‌ನಲ್ಲಿ ಟೈಪ್ ಮಾಡಿ, ನೋಟೊ ಸ್ಯಾನ್ಸ್ ಕನ್ನಡ ಫಾಂಟ್ ಆರಿಸಿದರೆ ಒತ್ತಕ್ಷರವೂ ಅದರ ಜಾಗದಲ್ಲೇ ಕೂರುತ್ತದೆ.

ಹೊಸಬರು ಇದೊಂದನ್ನು ಮರೆಯಬೇಡಿ: ಪ್ರಾಜೆಕ್ಟ್ ಫೈಲಿನೊಳಗೆ ವಿಡಿಯೊ ಇರುವುದಿಲ್ಲ. ಯಾವ ವಿಡಿಯೊ ಎಲ್ಲಿದೆ, ಎಲ್ಲಿ ಕತ್ತರಿಸಿದ್ದು ಅನ್ನುವ ಬರಹ ಅಷ್ಟೇ ಇರುತ್ತದೆ. ಇದು ತಿಳಿಯದೆ ನಾನು 2022ರ ಮಿಡಿ ವಿಡಿಯೊಗಳನ್ನು ಜಾಗ ಸಾಲದು ಅಂತ ಅಳಿಸಿಬಿಟ್ಟೆ. ಪ್ರಾಜೆಕ್ಟ್ ಇದೆಯಲ್ಲ ಅಂದುಕೊಂಡಿದ್ದೆ. ಆ ವರ್ಷದ್ದು ಈಗ ನಾದಿನಿಯ ವಾಟ್ಸಾಪಿನಲ್ಲಿರುವ ಮಸುಕು ಪ್ರತಿ ಮಾತ್ರ. ಅಂದಿನಿಂದ ಪ್ರತಿ ಪ್ರಾಜೆಕ್ಟಿಗೂ ಒಂದೇ ಫೋಲ್ಡರ್, ಅದರ ನಕಲು ಬೇರೆ ಹಾರ್ಡ್ ಡಿಸ್ಕಿನಲ್ಲಿ. ಮಳೆಗಾಲದಲ್ಲಿ ನಮ್ಮಲ್ಲಿ ಕರೆಂಟು ಯಾವಾಗ ಹೋಗುತ್ತದೋ ಹೇಳಲಾಗದು. ಮತ್ತೆ ತೆರೆದಾಗ ತಾನೇ ಉಳಿಸಿಟ್ಟಿದ್ದನ್ನು ಶಾಟ್‌ಕಟ್ ಮರಳಿ ಕೊಡುತ್ತದೆ. ಎಕ್ಸ್‌ಪೋರ್ಟ್ ಅರ್ಧಕ್ಕೆ ನಿಂತರೆ ಮಾತ್ರ ಮೊದಲಿಂದ ಶುರು ಮಾಡಬೇಕು.

ಸದ್ಯ ಟೈಮ್‌ಲೈನಿನಲ್ಲಿ ಇರುವುದು ಪಕ್ಕದೂರಿನ ಆಲೆಮನೆ, 41 ಕ್ಲಿಪ್. ಕೊಪ್ಪರಿಗೆಯಲ್ಲಿ ಬೆಲ್ಲ ಕುದಿಯುವ ಸದ್ದು ಒಂದರಲ್ಲಿ ತುಂಬಾ ಚೆನ್ನಾಗಿ ಸಿಕ್ಕಿದೆ. ಅದನ್ನು ಮೊದಲು ಇಟ್ಟು, ಚಿತ್ರ ಆಮೇಲೆ ಜೋಡಿಸುತ್ತಿದ್ದೇನೆ.